ಚೇಳಿಗೂ ಒಬ್ಬ ತಾಯಿ

ಶಹಾಪುರ ಸೀಮೆಯ ಶಿರವಾಳ ಹಳೆಯ ಗುಡಿಗಳ ಊರು. ರಾಷ್ಟ್ರಕೂಟರ, ಕಲ್ಯಾಣದ ಚಾಲುಕ್ಯರ ಕಾಲದ ಶಿವಾಲಯಗಳೆಂದ ಮೇಲೆ ಲಿಂಗದ ಎದುರು ನಂದಿ ಇರಲೇಬೇಕು. ಕಾರಹುಣ್ಣಿಮೆಗೆ ಎತ್ತಿನ ಕೊಂಬಿಗೆ ಬಣ್ಣ ಬಳಿದು ಮೆರವಣಿಗೆ ಮಾಡುವ ಒಕ್ಕಲು ಮಂದಿಗೆ ಆ ನಂದಿ ದೂರದ ದೇವರೇನೂ ಅಲ್ಲ. ನೈಲ್ ನದಿಯ ದಂಡೆಯ ಮೆಂಫಿಸ್‌ನಲ್ಲೂ ಏಪಿಸ್ ಎಂಬ ಹೋರಿಗೆ ಪೂಜೆ ನಡೆಯುತ್ತಿತ್ತು. ಅದು ಸತ್ತರೆ ಅರಸರಿಗೆ ಮಾಡಿದಂತೆ ದೇಹಕ್ಕೆ ಲೇಪನ ಹಚ್ಚಿ, ಸಕ್ಕಾರದ ನೆಲಮಾಳಿಗೆಯಲ್ಲಿ ಭಾರೀ ಕಲ್ಲಿನ ಪೆಟ್ಟಿಗೆಯೊಳಗೆ ಇಡುತ್ತಿದ್ದರು. ಉಂಡ ಅನ್ನದ ಋಣ ತೀರಿಸುವ ಈ ಭಕ್ತಿ ಸುಲಭವಾಗಿ ಅರ್ಥವಾಗುತ್ತದೆ. ಆದರೆ ಯಾವ ಉಪಕಾರವನ್ನೂ ಮಾಡದ, ಕತ್ತಲಲ್ಲಿ ಕುಟುಕಿ ಸರಿದುಹೋಗುವ ಜೀವಕ್ಕೆ ಮನುಷ್ಯ ಯಾಕೆ ಕೈಮುಗಿದ?

ಈ ಪ್ರಶ್ನೆ ಏಳುವುದಕ್ಕೆ ಈಜಿಪ್ಟಿನವರೆಗೆ ಹೋಗಬೇಕಿಲ್ಲ. ಇದೇ ಯಾದಗಿರಿ ಜಿಲ್ಲೆಯ ಪೂರ್ವದಲ್ಲಿ, ಗುರುಮಠಕಲ್ ಕಡೆಯ ಕಂದಕೂರಿನಲ್ಲಿ ಕೊಂಡಮಾಯಿಯ ಗುಡ್ಡವಿದೆ. ನಾಡೆಲ್ಲ ಹುತ್ತಕ್ಕೆ ಹಾಲೆರೆಯುವ ನಾಗರಪಂಚಮಿಯ ದಿನ ಅಲ್ಲಿ ಚೇಳಿನ ಪೂಜೆ. ಗುಡ್ಡ ಹತ್ತಿದ ಮಂದಿ ಕಲ್ಲು ಎತ್ತುತ್ತಾರೆ, ಅಡಿಯಲ್ಲಿ ಕೂತ ಚೇಳನ್ನು ಬರಿಗೈಯಲ್ಲಿ ಹಿಡಿಯುತ್ತಾರೆ, ಅಂಗೈ, ತೋಳು, ಮುಖದ ಮೇಲೆಲ್ಲ ಬಿಟ್ಟುಕೊಳ್ಳುತ್ತಾರೆ. ಚಿಕ್ಕ ಮಕ್ಕಳೂ ಹಿಂದೆ ಬೀಳುವುದಿಲ್ಲ. ಆವತ್ತು ಅದು ಕುಟುಕುವುದಿಲ್ಲ, ಕುಟುಕಿದರೂ ಅಮ್ಮನ ಗುಡಿಯ ಭಂಡಾರ ಹಚ್ಚಿದರೆ ಇಳಿಯುತ್ತದೆ ಎಂಬ ನಂಬಿಕೆ.

ಕೊಂಡಮಾಯಿಗೆ ದೂರದಲ್ಲೊಬ್ಬ ಅಕ್ಕ ಇದ್ದಾಳೆ ಅನ್ನಬಹುದು. ಈಜಿಪ್ಟಿನವರು ಅವಳನ್ನು ಸೆರ್ಕೆಟ್ ಎಂದು ಕರೆದರು. ಹೆಣ್ಣಿನ ರೂಪ, ನೆತ್ತಿಯ ಮೇಲೆ ಚೇಳು. 1922ರಲ್ಲಿ ಹೊವರ್ಡ್ ಕಾರ್ಟರ್ ಪತ್ತೆಹಚ್ಚಿದ ತುತಾಂಖಾಮನ್ ಸಮಾಧಿಯಲ್ಲಿ, ಅರಸನ ಒಳ ಅಂಗಗಳನ್ನಿಟ್ಟ ಮಂಟಪದ ನಾಲ್ಕು ದಿಕ್ಕಿಗೆ ನಾಲ್ವರು ದೇವಿಯರು ತೋಳು ಚಾಚಿ ಕಾವಲು ನಿಂತಿದ್ದರು. ಅವರಲ್ಲಿ ಇವಳೂ ಒಬ್ಬಳು. ಇವಳು ಉಸಿರು ಉಳಿಸಿಕೊಡುವ ತಾಯಿಯೂ ಹೌದು.

ಆ ನಾಡಿನದೇ ಇನ್ನೊಂದು ಕಥೆ. ಹಸುಗೂಸಿನ ತಾಯಿ ಐಸಿಸ್ ಏಳು ಚೇಳುಗಳ ಬೆಂಗಾವಲಿನಲ್ಲಿ ಅಲೆಯುತ್ತಿರುತ್ತಾಳೆ. ಸಿರಿವಂತೆಯೊಬ್ಬಳು ಇವರನ್ನು ಕಂಡು ಬಾಗಿಲು ಹಾಕಿಕೊಳ್ಳುತ್ತಾಳೆ. ಬಡವಿಯೊಬ್ಬಳು ಒಳಗೆ ಕರೆಯುತ್ತಾಳೆ. ಸಿಟ್ಟಿಗೆದ್ದ ಚೇಳುಗಳು ತಮ್ಮ ವಿಷವನ್ನೆಲ್ಲ ಒಂದರ ಕೊಂಡಿಗೆ ತುಂಬುತ್ತವೆ. ಅದು ಹೋಗಿ ಸಿರಿವಂತೆಯ ಮಗುವನ್ನು ಕುಟುಕುತ್ತದೆ. ಆಮೇಲೆ ಮಗುವಿನ ಮೇಲೆ ಕೈಯಿಟ್ಟು ವಿಷ ಇಳಿಸುವವಳೂ ಐಸಿಸಳೇ. ತಪ್ಪು ಮಾಡಿದ್ದು ತಾಯಿ, ಕೂಸಿನದೇನು ತಪ್ಪು? ಇಂಥ ಕಥೆ, ಮಂತ್ರಗಳನ್ನು ಕೊರೆದ ಕಲ್ಲಿನ ಮೇಲೆ ನೀರು ಸುರಿದು, ಹರಿದ ನೀರನ್ನು ಕಡಿತವಾದವರಿಗೆ ಕುಡಿಸುತ್ತಿದ್ದರು. ಕಂದಕೂರಿನ ಭಂಡಾರಕ್ಕೂ ಆ ನೀರಿಗೂ ನಡುವೆ ಸಮುದ್ರವಿದೆ, ಸಾವಿರಾರು ವರ್ಷಗಳಿವೆ. ನಂಬಿಕೆ ಮಾತ್ರ ಒಂದೇ: ವಿಷ ಯಾರ ಅಂಕೆಯಲ್ಲಿದೆಯೋ ಮದ್ದೂ ಅವರ ಬಳಿಯೇ ಇರಬೇಕು.

ಗ್ರೀಕರ ದಾರಿ ಬೇರೆ. ಅವರ ದೇವರಿಗೆ ಮನುಷ್ಯರದೇ ಮುಖ. ಹದ್ದು ಜ್ಯೂಸ್‌ನ ಪಕ್ಕಕ್ಕೆ, ಗೂಬೆ ಅಥೀನಾಳ ಪಕ್ಕಕ್ಕೆ ಸರಿದವು. ಆದರೂ ಚೇಳಿನ ಮುಂದೆ ಅವರ ವೀರನೂ ಸೋತ. ಭೂಮಿಯ ಮೇಲಿನ ಮೃಗಗಳನ್ನೆಲ್ಲ ಕೊಲ್ಲುತ್ತೇನೆ ಎಂದು ಬೇಟೆಗಾರ ಓರಿಯನ್ ಜಂಬ ಕೊಚ್ಚಿದಾಗ ಭೂತಾಯಿ ಗೈಯಾ ಒಂದು ಚೇಳನ್ನು ಕಳಿಸಿದಳಂತೆ. ಸತ್ತ ಬೇಟೆಗಾರನೂ ಕುಟುಕಿದ ಚೇಳೂ ಆಕಾಶ ಸೇರಿದರು. ಇವತ್ತಿಗೂ ವೃಶ್ಚಿಕ ಮೂಡುವ ಹೊತ್ತಿಗೆ ಓರಿಯನ್ ಮುಳುಗುತ್ತಾನೆ. ನಮ್ಮ ರೈತರು ಮಳೆಗಾಗಿ ಕಾಯುವ ಮಿರಗ, ಅಂದರೆ ಮೃಗಶಿರಾ ನಕ್ಷತ್ರ ಇರುವುದು ಆ ಬೇಟೆಗಾರನ ತಲೆಯಲ್ಲೇ. ಇನ್ನೂ ಬೆರಗಿನ ಮಾತೆಂದರೆ, ನಾಗರಪಂಚಮಿ ಬರುವ ಶ್ರಾವಣದ ಸಂಜೆಗಳಲ್ಲಿ ಮೋಡ ಸರಿದರೆ ದಕ್ಷಿಣದ ಆಕಾಶದಲ್ಲಿ ಕಾಣುವುದು ವೃಶ್ಚಿಕವೇ, ಎದೆಯಲ್ಲಿ ಕೆಂಪು ಜ್ಯೇಷ್ಠಾ ನಕ್ಷತ್ರ ಹೊತ್ತುಕೊಂಡು. ಕಂದಕೂರಿನವರು ಅದನ್ನು ನೋಡಿ ಹಬ್ಬ ಗೊತ್ತುಮಾಡಿದರು ಎಂದು ನಾನು ಹೇಳಲಾರೆ. ಎರಡೂ ಒಂದೇ ಕಾಲಕ್ಕೆ ಒದಗುತ್ತವೆ, ಅಷ್ಟು ಸಾಕು.

ಚೇಳಿನ ಬಗ್ಗೆ ತಿಳಿದಷ್ಟೂ ಈ ಬೆರಗು ಹೆಚ್ಚುತ್ತದೆ. ಈ ಕುಲಕ್ಕೆ 40 ಕೋಟಿ ವರ್ಷಕ್ಕೂ ಮಿಕ್ಕ ವಯಸ್ಸು. ನೇರಳಾತೀತ ಬೆಳಕು ಬಿದ್ದರೆ ಮೈಯೆಲ್ಲ ಹಸಿರು ನೀಲಿಯಾಗಿ ಹೊಳೆಯುತ್ತದೆ. ಯಾಕೆಂಬುದು ವಿಜ್ಞಾನಿಗಳ ನಡುವೆ ಇನ್ನೂ ಚರ್ಚೆಯಲ್ಲಿದೆ. ತಾಯಿ ಚೇಳು ಬೆಳ್ಳನೆಯ ಮರಿಗಳನ್ನೆಲ್ಲ ಬೆನ್ನ ಮೇಲೆ ಹೊತ್ತು ತಿರುಗುತ್ತದೆ. ಚೇಳಿನ ದೇವರನ್ನು ಈಜಿಪ್ಟಿನವರೂ ಕಂದಕೂರಿನವರೂ ಹೆಣ್ಣಾಗಿಯೇ ಕಂಡದ್ದು ಇದನ್ನು ನೋಡಿಯೋ ಏನೋ.

ಭಯವೂ ಸುಳ್ಳಲ್ಲ. ನಮ್ಮ ಕೆಂಪು ಚೇಳಿನ ವಿಷ ಏರಿದರೆ ಹೃದಯ ತತ್ತರಿಸಿ, ಶ್ವಾಸಕೋಶದಲ್ಲಿ ನೀರು ತುಂಬಿ ಉಸಿರು ಕಟ್ಟುತ್ತದೆ. ಮಹಾರಾಷ್ಟ್ರದ ಮಹಾಡ್‌ನ ವೈದ್ಯ ಹಿಮ್ಮತರಾವ್ ಬಾವಸ್ಕರ್, ರಕ್ತದೊತ್ತಡಕ್ಕೆ ಕೊಡುತ್ತಿದ್ದ ಪ್ರಜೋಸಿನ್ ಎಂಬ ಮಾತ್ರೆ ಇಂಥ ಕಡಿತದಲ್ಲಿ ಜೀವ ಉಳಿಸುತ್ತದೆಂದು 1980ರ ದಶಕದಲ್ಲಿ ತೋರಿಸಿಕೊಟ್ಟರು. ಸೆರ್ಕೆಟ್‌ಗೆ ಬೇಡಿಕೊಳ್ಳುತ್ತಿದ್ದ ಉಸಿರು ಈಗ ಆಸ್ಪತ್ರೆಯಲ್ಲಿ ಸಿಗುತ್ತದೆ. ಕಡಿದರೆ ಹೋಗಬೇಕಾದದ್ದೂ ಅಲ್ಲಿಗೇ, ತಡಮಾಡದೆ.

ಹಾಗಾದರೆ ಆ ಗುಡ್ಡದ ತಾಯಿಗೆ ಇನ್ನೇನು ಕೆಲಸ ಎಂದು ಕೇಳುವವರಿದ್ದಾರೆ. ಮಾತ್ರೆ ನಮ್ಮನ್ನು ಚೇಳಿನಿಂದ ಕಾಪಾಡುತ್ತದೆ. ನಮ್ಮ ಚಪ್ಪಲಿಯಿಂದ ಚೇಳನ್ನು ಕಾಪಾಡುವವರು ಯಾರು? ವರ್ಷದ ಉಳಿದ ದಿನ ಕಂಡೊಡನೆ ಹೊಡೆಯುವ ಕೈ ಆ ಒಂದು ದಿನ ತಡೆದು ನಿಲ್ಲುತ್ತದೆ. ಕಲ್ಲಿನ ಅಡಿ ಕೂತದ್ದಕ್ಕೂ ಒಂದು ಬದುಕಿದೆ, ಆ ಬದುಕು ನಮಗಾಗಿ ಹುಟ್ಟಿದ್ದಲ್ಲ ಎಂದು ಒಪ್ಪಿಕೊಳ್ಳಲು ಮನುಷ್ಯನಿಗೆ ದೇವರ ನೆಪ ಬೇಕಾಯಿತು. ನೆಪ ಯಾವುದಾದರೂ ಇರಲಿ, ಒಪ್ಪಿಕೊಂಡದ್ದು ದೊಡ್ಡದು.