ರಾಜನಿಗೆ ದಂಡ ಹಾಕುವವರು ಯಾರು?

ಮನುಸ್ಮೃತಿಯ ಬಹುಪಾಲು ನನಗೆ ಒಗ್ಗದು. ಆದರೆ ಎಂಟನೆಯ ಅಧ್ಯಾಯದ ಒಂದು ಮಾತು, ಸರ್ಕಾರಿ ವಕೀಲನಾಗಿದ್ದಷ್ಟು ಕಾಲವೂ ನನ್ನನ್ನು ಕೆಣಕುತ್ತಿತ್ತು. ಸಾಮಾನ್ಯನಿಗೆ ಒಂದು ಕಾರ್ಷಾಪಣ ದಂಡ ಬೀಳುವ ತಪ್ಪನ್ನು ರಾಜ ಮಾಡಿದರೆ ಸಾವಿರ ತೆರಬೇಕು. ಸರಿ, ವಸೂಲಿ ಮಾಡುವವರು ಯಾರು? ರಾಜನೇ ಅದನ್ನು ನೀರಿಗೆ ಹಾಕಲಿ, ಇಲ್ಲವೇ ಬ್ರಾಹ್ಮಣರಿಗೆ ಕೊಡಲಿ ಎನ್ನುತ್ತಾನೆ ವ್ಯಾಖ್ಯಾನಕಾರ ಕುಲ್ಲೂಕ. ಅಂದರೆ, ಅವನಿಗೆ ಮನಸ್ಸು ಬಂದರೆ!

ಹಿಂದೂ ನ್ಯಾಯತತ್ತ್ವವನ್ನು ಅರೆದು ಕುಡಿದಿದ್ದ ರಾಧಾಬಿನೋದ್ ಪಾಲ್, ಜಪಾನಿ ನಾಯಕರ ಯುದ್ಧಾಪರಾಧ ವಿಚಾರಣೆಗೆ ಭಾರತದ ನ್ಯಾಯಾಧೀಶರಾಗಿ 1946ರಲ್ಲಿ ಟೋಕಿಯೋಗೆ ಹೋದಾಗ ಎದುರಾದದ್ದೂ ಇದೇ ಪ್ರಶ್ನೆ. ಪೀಠದಲ್ಲಿ 11 ನ್ಯಾಯಾಧೀಶರು, ಎಲ್ಲರೂ ಗೆದ್ದ ಪಕ್ಷದ ದೇಶಗಳಿಂದ ಬಂದವರು. ಕಟಕಟೆಯಲ್ಲಿ ಮಾಜಿ ಪ್ರಧಾನಿ ತೋಜೊ ಸೇರಿ 28 ಮಂದಿ. ಚಕ್ರವರ್ತಿ ಹಿರೋಹಿತೊ ಅಲ್ಲಿರಲಿಲ್ಲ. ಅವರು ಸಿಂಹಾಸನದಲ್ಲಿದ್ದರೆ ಅಮೆರಿಕಕ್ಕೆ ಆಡಳಿತ ಸಲೀಸು. ಜೀವಂತ ಮನುಷ್ಯರಿಗೆ ರೋಗಾಣು ಚುಚ್ಚಿದ, ಜಪಾನಿ ಸೇನೆಯ 731ನೇ ಘಟಕದ ವೈದ್ಯರೂ ಇರಲಿಲ್ಲ. ಪ್ರಯೋಗದ ಮಾಹಿತಿಯನ್ನು ಅಮೆರಿಕಕ್ಕೆ ಒಪ್ಪಿಸಿ ಪಾರಾಗಿದ್ದರು. ಇನ್ನು ಅಣುಬಾಂಬು ಹಾಕಿಸಿದವರ ಮಾತೇ ಬೇಡ. ನಾಜಿ ನಾಯಕರ ನ್ಯೂರೆಂಬರ್ಗ್ ವಿಚಾರಣೆಯ ಸನ್ನದಿಗೆ ಲಂಡನ್‌ನಲ್ಲಿ ಸಹಿ ಬಿದ್ದದ್ದು 1945ರ ಆಗಸ್ಟ್ 8ರಂದು. ಹಿರೋಶಿಮಾ ಸುಟ್ಟು ಎರಡು ದಿನವಾಗಿತ್ತು. ನಾಗಾಸಾಕಿಗೆ ಇನ್ನೊಂದು ದಿನ ಬಾಕಿಯಿತ್ತು.

ಸಾವಿರಕ್ಕೂ ಹೆಚ್ಚು ಪುಟಗಳ ಭಿನ್ನ ತೀರ್ಪಿನಲ್ಲಿ ಪಾಲ್ ಎಲ್ಲ ಆರೋಪಿಗಳನ್ನೂ ಬಿಟ್ಟರು. ಆಕ್ರಮಣ ಯುದ್ಧ ಅಪರಾಧವೆನ್ನುವ ಕಾನೂನು ಆಗ ಇರಲಿಲ್ಲ, ಗೆದ್ದವರು ಸೋತವರಿಗೆಂದೇ ಅದನ್ನು ಹುಟ್ಟಿಸುವಂತಿಲ್ಲ ಎಂದರು. ಅಷ್ಟಕ್ಕೆ ನನ್ನದೂ ಒಪ್ಪಿಗೆ.

ನಾನ್‌ಜಿಂಗ್ ವಿಷಯದಲ್ಲಿ ಮಾತ್ರ ಒಪ್ಪಲಾರೆ. ಜಪಾನಿ ಸೈನಿಕರು ಆ ಚೀನೀ ನಗರದಲ್ಲಿ ಕೊಂದು ಸುಲಿದದ್ದನ್ನು ಪಾಲ್ ಅಲ್ಲಗಳೆಯಲಿಲ್ಲ. ಸೇನಾಧಿಪತಿ ಮಾತ್ಸುಇ ಮೇಲೆ ಹೊಣೆ ಹೊರಿಸಲು ಪುರಾವೆ ಸಾಲದು ಎಂದರು. ತಡೆಯುವ ಅಧಿಕಾರ ಕೈಯಲ್ಲಿತ್ತು, ಸುದ್ದಿ ಕಿವಿಗೆ ಬಿದ್ದಿತ್ತು. ಇನ್ನೆಂಥ ಪುರಾವೆ ಬೇಕು? ಕೈದಿಗಳನ್ನೂ ನಿರಾಯುಧರನ್ನೂ ಕೊಲ್ಲುವುದು ಹಳೆಯ ಯುದ್ಧ ನಿಯಮಗಳಲ್ಲೇ ಅಪರಾಧ. 1948ರ ಡಿಸೆಂಬರ್ 23ರಂದು ನೇಣಿಗೇರಿದ ಏಳು ಮಂದಿಯಲ್ಲಿ ಮಾತ್ಸುಇ ಒಬ್ಬರು. ನೇಣು ನನಗೆ ಇಷ್ಟವಿಲ್ಲ, ಆದರೆ ಅಪರಾಧಿಯೆಂಬ ತೀರ್ಮಾನ ಸರಿಯೇ.

ಜಪಾನಿನ ಯುದ್ಧಮೃತರನ್ನು ಪೂಜಿಸುವ ಟೋಕಿಯೋದ ಯಾಸುಕುನಿ ಮಂದಿರದಲ್ಲಿ ಇವತ್ತು ಪಾಲ್ ಅವರ ಸ್ಮಾರಕವಿದೆ. ಅದರ ಮುಂದೆ ತಲೆಬಾಗುವವರು ಜಪಾನಿ ದೌರ್ಜನ್ಯಗಳ ಬಗ್ಗೆ ಅವರು ಬರೆದ ಪುಟಗಳನ್ನು ಓದಿದ್ದಾರೋ ಇಲ್ಲವೋ. ಇನ್ನೊಬ್ಬ ಕಳ್ಳ ಸಿಕ್ಕಿಲ್ಲವೆಂದು ಸಿಕ್ಕಿದ ಕಳ್ಳನನ್ನು ಬಿಡಿ ಎನ್ನುವ ವಾದ ಕೋರ್ಟಿನಲ್ಲಿ ನನಗೆ ಹೊಸದಲ್ಲ. ಅದು ಗೆದ್ದದ್ದನ್ನು ಕಂಡಿಲ್ಲ. ಇನ್ನೊಬ್ಬನನ್ನೂ ಹಿಡಿಯಿರಿ ಎನ್ನುವುದೇ ಸರಿಯಾದ ವಾದ.

ಅದಕ್ಕೆಂದೇ 1998ರಲ್ಲಿ ರೋಮ್ ಒಪ್ಪಂದವಾಯಿತು, 2002ರಲ್ಲಿ ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯ ಅಸ್ತಿತ್ವಕ್ಕೆ ಬಂತು. ಅಮೆರಿಕ, ರಷ್ಯಾ, ಚೀನಾ ಅದರ ಸದಸ್ಯರಲ್ಲ. ಗೆದ್ದವರ ನ್ಯಾಯವನ್ನು ಪಾಲ್ ಹೆಸರಿನಲ್ಲಿ ಹಳಿಯುವ ಭಾರತವೂ ಅಲ್ಲ. ಅಷ್ಟರಮಟ್ಟಿಗೆ ಆ ಹೆಸರನ್ನು ಬಳಸುವ ಹಕ್ಕು ನಮಗಿಲ್ಲ.