ಅಳಿದರೋ, ಅಳಿಸಿದರೋ?



ಇಂದಿನ ಚಿಂತನೆಗೆ ನೂರು ವರ್ಷ ಹಳೆಯದೊಂದು ಮೂಕಿ ಸಿನಿಮಾ: ‘ದಿ ವ್ಯಾನಿಶಿಂಗ್ ಅಮೆರಿಕನ್’. ಅಂದರೆ, ಅಳಿದುಹೋಗುತ್ತಿರುವ ಅಮೆರಿಕನ್. ಝೇನ್ ಗ್ರೇ ಅವರ ಕಾದಂಬರಿ ಆಧರಿಸಿ ಜಾರ್ಜ್ ಬಿ. ಸೈಟ್ಜ್ ನಿರ್ದೇಶಿಸಿದ ಈ ಚಿತ್ರ ತೆರೆಗೆ ಬಂದದ್ದು 1925ರಲ್ಲಿ.

ಮೊದಲ ಭಾಗದಲ್ಲಿ ಒಂದು ಕಣಿವೆಯ ದೀರ್ಘ ಚರಿತ್ರೆಯಿದೆ. ಒಂದು ಜನ ಬಂದು ಬಾಳುತ್ತದೆ, ಅದಕ್ಕಿಂತ ಬಲಶಾಲಿಗಳು ಬಂದು ಅದನ್ನು ಸೋಲಿಸುತ್ತಾರೆ. ಕೊನೆಗೆ ಬಿಳಿಯರು ಬರುತ್ತಾರೆ. ಬಲವಿದ್ದವರು ಉಳಿಯುವುದು ಪ್ರಕೃತಿಯ ನಿಯಮ ಎಂಬುದು ಇದರ ಧ್ವನಿ.

ಆಮೇಲಿನ ಕಥೆ ಬೇರೆಯದನ್ನೇ ಹೇಳುತ್ತದೆ. ನೊಫಾಯಿ ಎಂಬ ನವಾಹೊ ಯುವಕ ಮೊದಲ ಮಹಾಯುದ್ಧದಲ್ಲಿ ಅಮೆರಿಕಕ್ಕಾಗಿ ಹೋರಾಡಿ ಊರಿಗೆ ಮರಳುತ್ತಾನೆ. ಅಷ್ಟರಲ್ಲಿ ಬುಕರ್ ಎಂಬ ಸರ್ಕಾರಿ ಅಧಿಕಾರಿ ಅವನ ಜನರನ್ನು ಒಳ್ಳೆಯ ನೆಲದಿಂದ ಓಡಿಸಿರುತ್ತಾನೆ. ಜನ ದಂಗೆ ಏಳುತ್ತಾರೆ. ಅದನ್ನು ತಡೆಯಲು ಹೋದ ನೊಫಾಯಿ ಗುಂಡು ತಗುಲಿ ಸಾಯುತ್ತಾನೆ. ಕಥೆಯಲ್ಲಿ ದೋಚಿದವನಿಗೆ ಹೆಸರಿದೆ, ಮುಖವಿದೆ. ಶೀರ್ಷಿಕೆಯಲ್ಲಿ ಮಾತ್ರ ಅವನಿಲ್ಲ.

ಕನ್ನಡ ಪಾಠ ಮಾಡುವವರಿಗೆ ಇದು ಬೇಗ ಕಣ್ಣಿಗೆ ಬೀಳುತ್ತದೆ. ‘ಅಳಿದರು’ ಅಂದರೆ ತಾವಾಗಿಯೇ ಇಲ್ಲವಾದರು. ‘ಅಳಿಸಿದರು’ ಅಂದ ಕೂಡಲೇ ‘ಯಾರು?’ ಎಂಬ ಪ್ರಶ್ನೆ ಏಳುತ್ತದೆ. ವ್ಯತ್ಯಾಸ ಒಂದೇ ಒಂದು ಪ್ರತ್ಯಯದ್ದು. ಆದರೆ ಅಪರಾಧಿ ಬಚ್ಚಿಟ್ಟುಕೊಳ್ಳಲು ಅಷ್ಟೇ ಜಾಗ ಸಾಕು.

‘ಎಲ್ಲವೂ ಅನಿಚ್ಚ ತಾನೇ, ಜನಾಂಗಗಳೂ ಅಳಿಯುತ್ತವೆ’ ಎಂದು ಯಾರಾದರೂ ಹೇಳಬಹುದು. ಮುಪ್ಪಾದ ತಾಯಿ ತೀರಿಕೊಂಡಾಗ ಅನಿಚ್ಚದ ಅರಿವು ನಮ್ಮನ್ನು ಸಂತೈಸುತ್ತದೆ. ಅಲ್ಲಿ ತಪ್ಪಿತಸ್ಥರನ್ನು ಹುಡುಕಬೇಕಿಲ್ಲ. ಆದರೆ ಭಗವಾನ್ ಬುದ್ಧರು ದುಃಖವಿದೆ ಎಂದಷ್ಟೇ ಹೇಳಿ ಸುಮ್ಮನಾಗಲಿಲ್ಲ, ಅದಕ್ಕೆ ಕಾರಣವಿದೆ ಎಂದರು. ಆ ಕಾರಣವನ್ನು ಹಿಂದಿನ ಜನ್ಮದ ಕರ್ಮದ ತಲೆಗೆ ಕಟ್ಟುವುದನ್ನು ಬಾಬಾಸಾಹೇಬರು ‘ಬುದ್ಧ ಮತ್ತು ಆತನ ಧಮ್ಮ’ ಕೃತಿಯಲ್ಲಿ ಒಪ್ಪಲಿಲ್ಲ. ‘ಪ್ರಕೃತಿಯ ನಿಯಮ’ ಎನ್ನುವುದೂ ಅಂಥದೇ ತಪ್ಪಿಸಿಕೊಳ್ಳುವ ದಾರಿ. ನೆಲ ಕಿತ್ತುಕೊಂಡವನು ಅನಿಚ್ಚದ ಪಾಠ ಹೇಳಿದರೆ ಅದು ಧಮ್ಮವಾಗುವುದಿಲ್ಲ.

ನವಾಹೊ ಜನರ ಕಾರಣಗಳು ಚರಿತ್ರೆಯಲ್ಲಿ ದಾಖಲಾಗಿವೆ. 1864ರಲ್ಲಿ ಅಮೆರಿಕದ ಸೈನ್ಯ ಅವರನ್ನು ನೂರಾರು ಕಿಲೋಮೀಟರ್ ನಡೆಸಿಕೊಂಡು ಹೋಗಿ ಬೋಸ್ಕ್ ರೆಡೊಂಡೊ ಎಂಬಲ್ಲಿ ಕೂಡಿಹಾಕಿತು. ಹಸಿವು, ರೋಗಗಳಿಂದ ಸಾವಿರಾರು ಜನ ಸತ್ತರು. 1868ರ ಒಪ್ಪಂದದ ನಂತರ ಉಳಿದವರು ತಮ್ಮ ನೆಲಕ್ಕೆ ಮರಳಿದರು. ಮೂಲನಿವಾಸಿಗಳೆಲ್ಲರಿಗೂ ಅಮೆರಿಕದ ಪೌರತ್ವ ಸಿಕ್ಕದ್ದು 1924ರಲ್ಲಿ. ಅರಿಜೋನಾ ಮತ್ತು ನ್ಯೂ ಮೆಕ್ಸಿಕೊ ರಾಜ್ಯಗಳಲ್ಲಿ ಅವರು ಮತದಾನದ ಹಕ್ಕಿಗಾಗಿ 1948ರವರೆಗೆ ಕಾಯಬೇಕಾಯಿತು, ಅದೂ ಕೋರ್ಟಿನ ಮೂಲಕ.

ಇನ್ನೊಂದು ಮಾತು. ನೊಫಾಯಿಯ ಪಾತ್ರ ಮಾಡಿದವರು ರಿಚರ್ಡ್ ಡಿಕ್ಸ್ ಎಂಬ ಬಿಳಿಯ ನಟ. ಅವರ ಹಿಂದೆ, ಗುಂಪಿನಲ್ಲಿ, ನಿಜವಾದ ನವಾಹೊ ಜನ ನಿಂತಿದ್ದರು. ‘ಇವರು ಅಳಿಯುತ್ತಿದ್ದಾರೆ’ ಎಂದು ಸಿನಿಮಾ ಸಾರುತ್ತಿದ್ದಾಗ ಅವರು ಕ್ಯಾಮೆರಾದ ಮುಂದೆಯೇ ಇದ್ದರು. ಇಂದು ನವಾಹೊ ಜನ 3 ಲಕ್ಷಕ್ಕೂ ಹೆಚ್ಚಿದ್ದಾರೆ. ಅವರಿಗೆ ತಮ್ಮದೇ ಆಡಳಿತವಿದೆ, ಅವರ ನುಡಿ ಬದುಕಿದೆ.

ಇಂದು ಪತ್ರಿಕೆಯಲ್ಲಿ ‘ಕೆರೆ ಮಾಯವಾಯಿತು’, ‘ಶಾಲೆ ಮುಚ್ಚಿತು’, ‘ಕಸುಬು ಹೋಯಿತು’ ಎಂಬ ಸಾಲು ಕಂಡರೆ ಒಂದು ಕ್ಷಣ ನಿಲ್ಲೋಣ. ಅಳಿಯಿತೋ, ಅಳಿಸಿದರೋ ಎಂದು ಕೇಳೋಣ. ದ್ವೇಷವಿಲ್ಲದೆ ಕೇಳೋಣ, ಆದರೆ ಕೇಳದೆ ಬಿಡುವುದು ಬೇಡ.

ಎಲ್ಲರಿಗೂ ಮಂಗಳವಾಗಲಿ. ಜೈಭೀಮ್.