ಪ್ರತಿಷ್ಠೆಗೆ ಮೊದಲಿನ ರೂಪ

ಕಲ್ಲಿನಲ್ಲಿ ಕಡೆದ ಮೂರ್ತಿಯು ಯಾವ ಗಳಿಗೆಯಲ್ಲಿ ದೇವರಾಗುತ್ತದೆ ಎಂಬ ಪ್ರಶ್ನೆಗೆ ಆಗಮಗಳು, ಅಂದರೆ ದೇವಾಲಯದ ನಿರ್ಮಾಣವನ್ನೂ ಪೂಜಾವಿಧಿಯನ್ನೂ ತಿಳಿಸುವ ಶಾಸ್ತ್ರಗ್ರಂಥಗಳು, ನಿಖರವಾದ ಕ್ರಮವನ್ನು ಹೇಳುತ್ತವೆ. ವಿಗ್ರಹವನ್ನು ನೀರಿನಲ್ಲಿರಿಸುವ ಜಲಾಧಿವಾಸ, ಧಾನ್ಯದಲ್ಲಿ ಹುದುಗಿಸುವ ಧಾನ್ಯಾಧಿವಾಸ, ಕಣ್ಣಿನ ರೇಖೆಯನ್ನು ತೆರೆಯುವ ನೇತ್ರೋನ್ಮೀಲನ, ಬಳಿಕ ಪ್ರಾಣಪ್ರತಿಷ್ಠೆ, ಇವು ಮುಗಿಯುವವರೆಗೆ ಅದು ಪೂಜೆಗೆ ಸಲ್ಲದು. ಆದರೆ ಉಳಿ ಮುಟ್ಟಿದ ಮೇಲೆ ಅದನ್ನು ಬರಿಯ ಕಲ್ಲು ಎನ್ನಲೂ ಆಗದು. ಈ ನಡುವಣ ಸ್ಥಿತಿಯನ್ನು ಶಾಸ್ತ್ರವು ಕೆಲವೇ ದಿನಗಳಲ್ಲಿ ದಾಟಿಬಿಡುತ್ತದೆ. ಆಧುನಿಕ ಕಲಾವಿದನಾದರೋ ಅಲ್ಲಿಯೇ ಬದುಕಬೇಕಾಗಿದೆ.

1941ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಎಸ್. ಜಿ. ವಾಸುದೇವ್ ಅವರ ಕಲೆಯನ್ನು ಈ ದೃಷ್ಟಿಯಿಂದ ನೋಡಬೇಕು. ಮದರಾಸಿನ ಸರ್ಕಾರಿ ಕಲಾಶಾಲೆಯಲ್ಲಿ ಕಲಿತ ಅವರು, ತಾಂಬರಂನಿಂದ ಪೂರ್ವಕ್ಕೆ ಕಡಲಂಚಿನಲ್ಲಿರುವ ಈಂಜಂಬಾಕ್ಕಂನಲ್ಲಿ ಕೆ. ಸಿ. ಎಸ್. ಪಣಿಕ್ಕರ್ ಅವರ ಮುಂದಾಳತ್ವದಲ್ಲಿ 1966ರಲ್ಲಿ ಆರಂಭವಾದ ಚೋಳಮಂಡಲ ಕಲಾಗ್ರಾಮದ ಸ್ಥಾಪಕ ಸದಸ್ಯರಲ್ಲಿ ಒಬ್ಬರು. ಬಾಟಿಕ್ ಮುಂತಾದ ಕರಕುಶಲ ವಸ್ತುಗಳನ್ನು ಮಾರಿ ನಿಂತ ಆ ಊರಿನಲ್ಲಿ ಕಲೆಗೂ ಕಸುಬಿಗೂ ನಡುವೆ ಗೋಡೆಯಿರಲಿಲ್ಲ. ವಾಸುದೇವ್ ಅವರ 'ಮೈಥುನ' ಮತ್ತು 'ವೃಕ್ಷ' ಸರಣಿಗಳಲ್ಲಿ ದೇಗುಲದ ಗೋಡೆಗೂ ಪುರಾಣಕ್ಕೂ ಸೇರಿದ ಕಲ್ಪನೆಗಳು ಬಣ್ಣಕ್ಕೆ ಬಂದವು. ಅವರ ಕೈ ತಾಮ್ರದ ಉಬ್ಬುಶಿಲ್ಪಕ್ಕೂ, ಮುಂದೆ ರೇಷ್ಮೆಯ ನೇಯ್ಗೆಚಿತ್ರಕ್ಕೂ ಚಾಚಿತು.

ಹೀಗೆ ಮಾಧ್ಯಮದಿಂದ ಮಾಧ್ಯಮಕ್ಕೆ ಹೋಗುವುದನ್ನು ಚಂಚಲತೆಯೆಂದು ತಿಳಿಯುವುದು ತಪ್ಪು. ವಿಷ್ಣುಧರ್ಮೋತ್ತರ ಪುರಾಣದಲ್ಲಿ ಪ್ರತಿಮಾಲಕ್ಷಣವನ್ನು ಕೇಳಿದ ವಜ್ರರಾಜನಿಗೆ ಮಾರ್ಕಂಡೇಯನು, ಚಿತ್ರವನ್ನರಿಯದೆ ಪ್ರತಿಮೆಯು ತಿಳಿಯದೆಂದೂ, ನೃತ್ತವನ್ನರಿಯದೆ ಚಿತ್ರವು ತಿಳಿಯದೆಂದೂ, ನೃತ್ತಕ್ಕೆ ವಾದ್ಯವೂ ವಾದ್ಯಕ್ಕೆ ಗೀತವೂ ಆಧಾರವೆಂದೂ ಹೇಳುತ್ತಾನೆ. ನಿಶ್ಚಲವಾದ ರೂಪದ ಮೂಲವು ಚಲನೆಯಲ್ಲಿದೆ ಎಂಬ ಈ ಮಾತು ಸಿನಿಮಾಕ್ಕೂ ಸಲ್ಲುತ್ತದೆ.

ಯು. ಆರ್. ಅನಂತಮೂರ್ತಿಯವರ 1965ರ ಕಾದಂಬರಿಯನ್ನು ಆಧರಿಸಿ ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ, 1970ನೇ ಸಾಲಿನ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯನ್ನು ಪಡೆದ 'ಸಂಸ್ಕಾರ'ಕ್ಕೆ ಕಲಾನಿರ್ದೇಶಕರು ವಾಸುದೇವ್ ಅವರೇ. ಕಪ್ಪು ಬಿಳುಪಿನ ಆ ಪ್ರಯೋಗಶೀಲ ಚಿತ್ರದಲ್ಲಿ ಮಡಿ ಮೈಲಿಗೆಗಳೆಂಬ, ಕಣ್ಣಿಗೆ ಕಾಣದ ಗೆರೆಗಳು ಜಗಲಿ, ಹೊಸ್ತಿಲು, ಬೀದಿಗಳ ರೂಪದಲ್ಲಿ ಕಾಣಿಸಿಕೊಳ್ಳಬೇಕಿತ್ತು. ಸಂಸ್ಕಾರವೆಂಬ ಪದಕ್ಕೆ ಅಂತ್ಯಕ್ರಿಯೆ, ಶುದ್ಧೀಕರಣ, ಚಿತ್ತದಲ್ಲಿ ಉಳಿದ ಹಿಂದಿನ ಅನುಭವದ ಅಚ್ಚು ಎಂಬ ಹಲವು ಅರ್ಥಗಳಿವೆ. ಕತೆಯಲ್ಲಿ ಆಚಾರ ಬಿಟ್ಟ ಬ್ರಾಹ್ಮಣ ನಾರಣಪ್ಪನ ಹೆಣವು ಸಂಸ್ಕಾರವಿಲ್ಲದೆ ಅಗ್ರಹಾರದಲ್ಲಿ ಬಿದ್ದಿರುವಾಗ ಅದು ಮನುಷ್ಯನೂ ಅಲ್ಲ, ಪಿತೃವೂ ಅಲ್ಲ. ಪ್ರತಿಷ್ಠೆಗೆ ಕಾದಿರುವ ವಿಗ್ರಹವು ಕಲ್ಲೂ ಅಲ್ಲ, ದೇವರೂ ಅಲ್ಲ. ಎರಡೂ ಕಡೆ ವಿಧಿಯು ತಡೆದಾಗ ರೂಪ ಮಾತ್ರ ಉಳಿಯುತ್ತದೆ, ಅದರೆದುರು ನಿಂತವನು ಏನು ಮಾಡಬೇಕೆಂಬುದನ್ನು ತಾನೇ ನಿಶ್ಚಯಿಸಬೇಕಾಗುತ್ತದೆ. ಗೋಡೆಗೆ ತೂಗಿದ 'ವೃಕ್ಷ'ವು ನೋಡುವವನನ್ನು ನಿಲ್ಲಿಸುವುದೂ ಇಂಥದೇ ಸ್ಥಳದಲ್ಲಿ, ಏಕೆಂದರೆ ಅದಕ್ಕೆ ಅಭಿಷೇಕವಿಲ್ಲ, ಮಂಗಳಾರತಿಯಿಲ್ಲ, ಆದರೂ ಅದನ್ನು ಬರಿಯ ಅಲಂಕಾರವೆಂದು ದಾಟಿಹೋಗಲು ಮನಸ್ಸು ಒಪ್ಪದು. 'ಸಂಸ್ಕಾರ'ದಲ್ಲೂ, ನಾರಣಪ್ಪನ ಹೆಣವನ್ನು ಯಾರು ಸುಡಬೇಕೆಂಬ ಪ್ರಶ್ನೆಗೆ ಅಗ್ರಹಾರದ ಪಂಡಿತ ಪ್ರಾಣೇಶಾಚಾರ್ಯರು ತಾಳೆಗರಿಗಳಲ್ಲಿ ಹುಡುಕಿದ ಉತ್ತರವು ಕೊನೆಗೂ ಗ್ರಂಥದಿಂದ ಬರಲಿಲ್ಲ; ನಾರಣಪ್ಪನ ಸಂಗಾತಿಯಾಗಿದ್ದ, ಯಾವ ಅಧಿಕಾರವೂ ಇಲ್ಲದ ಚಂದ್ರಿಯೇ, ಮುಸ್ಲಿಮನಾದ ಬ್ಯಾರಿಯೊಬ್ಬನ ನೆರವಿನಿಂದ, ರಾತ್ರಿಯ ಕತ್ತಲಲ್ಲಿ ಹೆಣಕ್ಕೆ ಬೆಂಕಿ ಕೊಡಿಸಿದಳು.